ಜರ್ಮನ್ ಅಧಿಕಾರಿಯ ಲಾಠಿ

ಮೇಜಿಗೆ ಬೀಳಬೇಕಿದ್ದ ಲಾಠಿ ಶ್ರೀಧರನ ಬಲಗೈ ಬೆರಳುಗಳ ಮೇಲೆ ಬಿತ್ತು. ಮೂಳೆ ಮುರಿದದ್ದು ಅವನಿಗೊಬ್ಬನಿಗೇ ಗೊತ್ತಾಯಿತು. ನಾಟಕ ನೋಡುತ್ತಿದ್ದ ದೊಡ್ಡಬೆಳವಂಗಲದ ಜನ ಸಿಳ್ಳೆ ಹೊಡೆದರು.

ಶ್ರೀಧರನದು ಜರ್ಮನ್ ಸೈನ್ಯದ ವಿರುದ್ಧ ಬರೆದು ಸಿಕ್ಕಿಬಿದ್ದ ಪೋಲೆಂಡಿನ ಲೇಖಕನ ಪಾತ್ರ. ಹೊಡೆಯುವ ಅಧಿಕಾರಿ ಅನಿಲ್‌ಕುಮಾರ. ಊರ ನಾಟಕದಲ್ಲಿ ಹೆಚ್ಚು ಚಂದಾ ಕೊಟ್ಟವರಿಗೆ ಕೇಳಿದ ಪಾತ್ರ. ಅವನು ಇದನ್ನೇ ಕೇಳಿ ಪಡೆದಿದ್ದ. ಅವನು ಕೆರೆಗೆ ಮಣ್ಣು ತುಂಬಿಸಿ ಸೈಟು ಮಾಡುತ್ತಿರುವುದನ್ನು ಶ್ರೀಧರ ಹೋದ ತಿಂಗಳು ಪತ್ರಿಕೆಗೆ ಬರೆದಿದ್ದ.

“ಇನ್ನು ಬರೀತೀಯೇನೋ?” ಮಾತು ನಾಟಕದ್ದೇ. ಎರಡನೇ ಏಟೂ ಅದೇ ಬೆರಳುಗಳಿಗೆ ಬಿತ್ತು. ಮೇಜಿನ ಮೇಲಿದ್ದ ಹಾಳೆ ರಕ್ತದಲ್ಲಿ ನೆನೆಯಿತು. “ಏನ್ ಆಕ್ಟಿಂಗ್ ಗುರು!” ಎಂದು ಮುಂದಿನ ಸಾಲಿನಿಂದ ಯಾರೋ ಕೂಗಿದರು.

ನಾಟಕದ ಕತೆಯಲ್ಲಿ ಆ ಲೇಖಕ ಈ ಘಟ್ಟದಲ್ಲಿ ಅಧಿಕಾರಿಯ ಕಾಲು ಹಿಡಿದು ಪ್ರಾಣ ಉಳಿಸಿಕೊಂಡು, ಯುದ್ಧ ಮುಗಿದ ಮೇಲೆ ಎಲ್ಲವನ್ನೂ ಬರೆದವನು. “ಬರೆಯಲ್ಲ ಸ್ವಾಮಿ ಅನ್ನೋ, ಕಾಲು ಹಿಡ್ಕೊಳೋ” ಎಂದು ಪರದೆಯ ಪಕ್ಕದಿಂದ ನಾಟಕದ ಮೇಷ್ಟ್ರು ಪಿಸುಗುಟ್ಟಿದರು. ಶ್ರೀಧರ ಎದ್ದು, ತಲೆಯ ಮೇಲೆ ತೂಗುತ್ತಿದ್ದ ಮೈಕನ್ನು ಎಡಗೈಯಲ್ಲಿ ಬಾಯಿಗೆ ಎಳೆದುಕೊಂಡ.

“ಬರೀತೀನಿ ಅನಿಲಣ್ಣ. ನೀನು ಕೆರೆ ನುಂಗಿದ್ದನ್ನೂ ಬರೀತೀನಿ, ಈಗ ನನ್ ಬೆರಳು ಮುರಿದಿದ್ದನ್ನೂ ಬರೀತೀನಿ.”

ಮೂರನೇ ಏಟಿಗೆ ಎತ್ತಿದ ಲಾಠಿ ಅಲ್ಲೇ ನಿಂತಿತು. ಸಿಳ್ಳೆ ಹೊಡೆಯುತ್ತಿದ್ದವರು ಕುರ್ಚಿ ಬಿಟ್ಟು ಏಳತೊಡಗಿದರು.