ಕೋಟಿನ ಗುಂಡಿ

"ಕ್ಯಾಮೆರಾ ಆಫ್ ಆಯ್ತಲ್ವಾ?" ಎಂದು ಕೇಳಿ ಖಾತ್ರಿ ಮಾಡಿಕೊಂಡವನೇ ಟೈಲರ್, ಕಾದ ಇಸ್ತ್ರಿಪೆಟ್ಟಿಗೆಯನ್ನು ತಂಗಿಯ ಬಲಗೈ ಮೇಲೆ ಒತ್ತಿದ. "ಅಂಗಡಿ ಇಬ್ಬರದೂ ಅಂತ ಊರಿಗೆಲ್ಲ ಸಾರ್ತೀಯೇನೇ?" ಚರ್ಮ ಚುರ್ರೆಂದಿತು. ಐದು ನಿಮಿಷದ ಹಿಂದೆ ಅದೇ ಕ್ಯಾಮೆರಾ ಮುಂದೆ, "ತಂಗಿ ಅಂದ್ರೆ ನನ್ನ ಬಲಗೈ" ಎಂದಿದ್ದ.

ಮನೆಮಂದಿಯೇ ನಡೆಸುವ ಅಂಗಡಿಗಳ ಬಗ್ಗೆ ತನ್ನ ಮೊದಲ ಸಾಕ್ಷ್ಯಚಿತ್ರ ತೆಗೆಯಲು ಬಂದಿದ್ದ ಹುಡುಗಿ ಅಡ್ಡ ಬಂದಳು. ಅವಳನ್ನೂ ಗೋಡೆಗೆ ಅಪ್ಪಳಿಸುವಂತೆ ನೂಕಿ, "ಮನೆ ವಿಷಯ, ತೆಪ್ಪಗಿರು" ಎಂದು ಅವನು ಹೊರಗೆ ಹೋದ.

ಹುಡುಗಿ ನೀರು ತರಲು ಎದ್ದಳು. ತಂಗಿ ಅವಳನ್ನು ತಡೆದು, ಕ್ಯಾಮೆರಾದ ಕೆಂಪು ದೀಪದ ಮೇಲೆ ತಾನೇ ಅಂಟಿಸಿದ್ದ ಕೋಟಿನ ಕರಿ ಗುಂಡಿಯನ್ನು ಎಡಗೈಯಿಂದ ಕಿತ್ತಳು. ದೀಪ ಉರಿಯುತ್ತಿತ್ತು.

"ನೀವು ಆಫ್ ಮಾಡಿದ್ರಿ, ನಾನು ಆನ್ ಮಾಡ್ದೆ. ನೀರು ಆಮೇಲೆ ತರೋರಂತೆ. ಮೊದ್ಲು ಕೈ ಸುಟ್ಟಿದ್ದು ಸರಿಯಾಗಿ ಬಂದಿದೆಯಾ ನೋಡಿ."