ಅಕ್ಕಿಯಲ್ಲಿ ಹೂತ ಫೋನು

'ಸಂಜೆಯೊಳಗೆ ನಾನು ಹೇಳಿದ ಹಾಗೆ ಕೇಳದಿದ್ದರೆ ಈ ಫೋಟೊ ನಿಮ್ಮಪ್ಪನ ಮೊಬೈಲಿಗೆ ಹೋಗುತ್ತೆ' ಎಂದು ಗುರುತಿಲ್ಲದ ನಂಬರಿನಿಂದ ಮೆಸೇಜ್ ಬಂದಿತ್ತು. ಯಾರದೋ ಮೈಗೆ ತನ್ನ ಮುಖ ಅಂಟಿಸಿದ್ದ ಆ ಫೋಟೊ ನೋಡಿದಾಗಿನಿಂದ ಹತ್ತನೇ ಕ್ಲಾಸಿನ ನೇತ್ರಾಳಿಗೆ ಕೂತಲ್ಲಿ ಕೂರಲಾಗುತ್ತಿರಲಿಲ್ಲ. ಬೆಳಿಗ್ಗೆ ಕಾಫಿಯನ್ನೂ ಕುಡಿಯದೆ ಎಲ್ಲಿಗೋ ಹೋಗಿಬಂದ ಅಪ್ಪ ಸ್ನಾನಕ್ಕೆ ಹೋದದ್ದೇ ತಡ, ಅವರ ಮೊಬೈಲನ್ನು ಅಕ್ಕಿ ಡಬ್ಬಿಯೊಳಗೆ ಹೂತುಬಿಟ್ಟಳು.

"ನನ್ ಫೋನ್ ನೋಡಿದ್ಯೇನೇ?" ತಲೆ ಒರೆಸಿಕೊಳ್ಳುತ್ತ ಬಂದ ಅಪ್ಪ ಅಮ್ಮನನ್ನು ಕೇಳಿದರು.

"ನಾನ್ಯಾಕೆ ಮುಟ್ಲಿ? ಎಲ್ಲೋ ಇಟ್ಟು ಮರ್ತಿರ್ತೀರ."

ಅಪ್ಪ ದಿಂಬು ಎತ್ತಿದರು, ಅಂಗಿಯ ಜೇಬು ತಡಕಿದರು, ಮತ್ತೆ ಅದೇ ದಿಂಬು ಎತ್ತಿದರು. "ಅರ್ಜೆಂಟ್ ಕಾಲ್ ಒಂದು ಬರೋದಿದೆ ಕಣೇ."

ನೇತ್ರಾ ಪುಸ್ತಕದಲ್ಲಿ ಮುಖ ಹುದುಗಿಸಿದಳು.

ಅಮ್ಮ ಅನ್ನಕ್ಕಿಡಲೆಂದು ಪಾವು ಹಿಡಿದು ಡಬ್ಬಿಯ ಮುಚ್ಚಳ ತೆಗೆದಳು. ಅಕ್ಕಿಯೊಳಗಿಂದ ಫೋನು ಗುರ್ರೆನ್ನತೊಡಗಿತು.

ನೇತ್ರಾ ಓಡಿಬಂದು ಅಮ್ಮನ ಕೈ ಹಿಡಿದಳು. "ಎತ್ತಬೇಡಮ್ಮ. ಅವನೇ ಇರ್ಬೇಕು. ಅಪ್ಪಂಗೆ ಏನೋ ಫೋಟೊ ಕಳಿಸ್ತೀನಿ ಅಂದಿದಾನೆ. ಅದು ನಾನಲ್ಲಮ್ಮ."

ಅಮ್ಮನ ಕೈಯಿಂದ ಪಾವು ಜಾರಿತು. ಸದ್ದು ಕೇಳಿ ಒಳಬಂದಿದ್ದ ಅಪ್ಪ ಮಾತ್ರ ಡಬ್ಬಿಗೆ ಕೈಹಾಕಿ ಫೋನು ತೆಗೆದು, ಅಂಟಿದ್ದ ಅಕ್ಕಿ ಕೊಡವಿ, ನಂಬರು ನೋಡಿ, ಮಗಳ ಕೈಗೇ ಕೊಟ್ಟರು.

"ಅವನು ಆ ಫೋಟೊ ನಂಗೆ ನಿನ್ನೆನೇ ಕಳಿಸಿಬಿಟ್ಟಿದಾನೆ ಪುಟ್ಟಿ, ಇನ್ನೂ ಕಳಿಸಿಲ್ಲ ಅಂತ ನಿನ್ನ ಸುಮ್ನೆ ಹೆದರಿಸ್ತಿದಾನೆ. ನಿನ್ ಹತ್ರ ಹೇಗೆ ಮಾತು ತೆಗೀಲಿ ಅಂತ ಗೊತ್ತಾಗ್ದೆ, ಬೆಳಿಗ್ಗೆ ಹೋಗಿ ಕಂಪ್ಲೇಂಟ್ ಕೊಟ್ಟುಬಂದೆ. ಇದು ಠಾಣೆಯ ಮೇಡಮ್ಮು, ಮಾತಾಡು."