ಮೀಸೆ ಬೋಳಿಸಿದ ರಾಣಿ

ಸಾವಿರದ ಒಂಬೈನೂರ ಐವತ್ನಾಲ್ಕರ ಬೇಸಗೆ, ಶುಕ್ರವಾರ ಬೆಳಿಗ್ಗೆ ಹತ್ತರ ಹೊತ್ತು. ಮುಂಬಯಿಯ ಮಲಾಡಿನ ಸ್ಟುಡಿಯೋದಲ್ಲಿ ರಾಣಿಯ ವೇಷ ಹಾಕಬೇಕಿದ್ದ ನಟ, ಕ್ಷೌರದ ಕತ್ತಿ ಕಂಡದ್ದೇ ಎದ್ದು ನಿಂತ. "ಅಪ್ಪ ಇನ್ನೂ ಬದುಕಿದ್ದಾನೆ, ಅವನು ಸಾಯುವ ಮೊದಲು ಮೀಸೆ ಬೋಳಿಸುವುದಿಲ್ಲ" ಎಂದವನು ತಿರುಗಿ ನೋಡದೆ ಸ್ಟೇಷನ್ ದಾರಿ ಹಿಡಿದ.

ಡೈರೆಕ್ಟರ್ ಸಿದ್ದರಾಮಪ್ಪ ತಲೆ ಮೇಲೆ ಕೈಹೊತ್ತು ಕೂತ. ಅವನು ತೆಗೆಯುತ್ತಿದ್ದದ್ದು ಮೂಕಿ ಸಿನಿಮಾದ ಕಾಲದ ಕಥೆ. ಹೆಂಗಸರು ಕ್ಯಾಮೆರಾ ಮುಂದೆ ಬರಲೊಲ್ಲದ ದಿನಗಳಲ್ಲಿ ಹೋಟೆಲಿನ ಅಡುಗೆಯವನೊಬ್ಬ ಸೀರೆ ಉಟ್ಟು ರಾಣಿಯಾಗುವ ದೃಶ್ಯ. ಸಂಜೆಗೆ ಸೆಟ್ ಬಿಚ್ಚಬೇಕು.

"ಆಗ ಹೆಂಗಸರು ಸಿಗಲಿಲ್ಲ, ಈಗ ಗಂಡಸರು ಸಿಗವಲ್ಲರು!" ಗುಂಪಿನ ಪಾತ್ರಕ್ಕೆ ಬಂದಿದ್ದ ನಾಗವ್ವ ನಕ್ಕಳು. "ನಾ ಮಾಡ್ಲೇನ್ರಿ ಸಾಹೇಬ್ರ? ಊರಾಗ ಹೆಂಗಸರ ನಾಟಕ ಕಂಪನಿಯೊಳಗ ರಾಜಾಪಾರ್ಟ್ ಮಾಡೀನಿ."

ಮುಂಬಯಿಗೆ ಬಂದು ಹನ್ನೆರಡು ವರ್ಷ, ನಾಯಕಿಯರ ಹಿಂದೆ ಕೊಡ ಹೊತ್ತು ನಡೆದವಳು. ಪರದೆಯ ಮೇಲೆ ಕೊಡ ಕಂಡಿತ್ತು. ಮುಖ ಒಮ್ಮೆಯೂ ಕಂಡಿರಲಿಲ್ಲ.

ಸೀರೆ, ಕಿರೀಟ ತೊಟ್ಟು ನಾಲ್ಕು ಹೆಜ್ಜೆ ನಡೆದು ತೋರಿಸಿದಳು.

"ಛೇ! ಖರೇ ಹೆಂಗಸಿನಂಗ ಕಾಣ್ತಿಯಲ್ಲ!" ಸಿದ್ದರಾಮಪ್ಪ ಕೂಗಿದ.

"ಮತ್ತ, ಒಂಟೆ ಹಂಗ ಕಾಣ್ಬೇಕೇನ್ರಿ?"

"ಸೀರಿ ಒಳಗ ಅಡಗಿಯವ ಕಾಣ್ಬೇಕವ್ವ. ಇನ್ನೊಂದ್ಸಲ ನೋಡ್ತೀನಿ. ಆಗ್ಲಿಲ್ಲಂದ್ರ ಸೀನೇ ಬ್ಯಾಡ."

ನಾಗವ್ವ ರಾಜರನ್ನು ಬಲ್ಲಳು, ಅಡುಗೆಯವರನ್ನಲ್ಲ. ಮುಖ ಸಣ್ಣದು ಮಾಡಿಕೊಂಡು ನೀರು ಕುಡಿಯಲು ಕ್ಯಾಂಟೀನಿಗೆ ಹೋದಳು. ಅಲ್ಲಿ ಉಡುಪಿ ಕಡೆಯ ಅಡುಗೆಯವ ಕೊರಗಪ್ಪ, ಸಾಂಬಾರಿನ ಕೊಪ್ಪರಿಗೆ ಇಳಿಸುವ ಮೊದಲು ಹಿಮ್ಮಡಿಯಿಂದ ಪಂಚೆಯ ಅಂಚನ್ನು ಚಿಮ್ಮಿ, ಹಿಡಿದು, ಮಡಚಿ ಸೊಂಟಕ್ಕೆ ಕಟ್ಟಿದ. ಎರಡೂ ಕೈ ಹಿಂಬದಿಗೆ ಒರೆಸಿಕೊಂಡ. ನಾಗವ್ವನಿಗೆ ಬಾಯಾರಿಕೆ ಮರೆತುಹೋಯಿತು.

"ಎಂತ ನೋಡುದು ಮಾರಾಯ್ತಿ? ಇಲ್ಲಿ ಸರ್ಕಸ್ ಉಂಟಾ?"

"ಕೊರಗಪ್ಪಣ್ಣ, ಪಂಚೆ ಬಿಚ್ಚಿ ಇನ್ನೊಮ್ಮೆ ಎತ್ತಿ ಕಟ್ಟೋ!"

"ಅಯ್ಯೋ ದೇವರೇ! ಬಿಚ್ಚುದಾ?"

"ಇಳಿಬಿಡೋ ಅಂದೆನಪ್ಪ!"

ಅವನು ಮತ್ತೆ ಎತ್ತಿ ಕಟ್ಟುವುದನ್ನು ನೋಡಿಕೊಂಡು, ಅವಳು ಒಲೆಯ ಬೂದಿಯನ್ನು ಮೇಲ್ದುಟಿಯ ಮೇಲೆ ತೆಳ್ಳಗೆ ತಿಕ್ಕಿಕೊಂಡಳು, ಆಗಷ್ಟೇ ಮೀಸೆ ಬೋಳಿಸಿದ ಹಾಗೆ.

ಕ್ಯಾಮೆರಾ ತಿರುಗಿತು. ಸಿಂಹಾಸನದಿಂದ ರಾಣಿ ಮೊಣಕಾಲಿಗೆ ಕೈಯೂರಿ ಎದ್ದಳು. ಕೈಗಳನ್ನು ಹಿಂಬದಿಗೆ ಒರೆಸಿದಳು. ಹಿಮ್ಮಡಿ ಸೀರೆಯ ಅಂಚನ್ನು ಚಿಮ್ಮಿತು, ಕೈ ಅದನ್ನು ಹಿಡಿದು ಮೊಣಕಾಲಿನ ತನಕ ಎತ್ತಿತು. ಆಗಲೇ ತಾನು ರಾಣಿಯೆಂಬುದು ನೆನಪಾದವಳಂತೆ, ಗಡಬಡಿಸಿ ಇಳಿಬಿಟ್ಟು ತಲೆ ತಗ್ಗಿಸಿದಳು. ದೀಪ ಹಿಡಿದವರು ಬಿದ್ದು ಬಿದ್ದು ನಕ್ಕರು. ಸಿದ್ದರಾಮಪ್ಪ ಕಟ್ ಹೇಳುವುದನ್ನೇ ಮರೆತ. ಆಮೇಲೆ ಕ್ಯಾಮೆರಾವನ್ನು ಅವಳ ಮುಖದ ಹತ್ತಿರಕ್ಕೆ ತಳ್ಳಿಸಿದ.

ಬಾಗಿಲಲ್ಲಿ ಸೌಟು ಹಿಡಿದು ನಿಂತಿದ್ದ ಕೊರಗಪ್ಪ, "ಅದು ನಾನೇ ಅಲ್ವಾ!" ಎಂದ.

ನಾಗವ್ವ ವೇಷದ ಸೀರೆ ಒಪ್ಪಿಸಿ, ಧಾರಾವಿಯ ಮನೆಗೆ ಹೊರಟಾಗ ಸಂಜೆಯಾಗಿತ್ತು. ಹೇಳಿಹೋಗಲು ಕ್ಯಾಂಟೀನಿನಲ್ಲಿ ಇಣುಕಿದಾಗ ಕೊರಗಪ್ಪ ಕೊಪ್ಪರಿಗೆ ಎತ್ತುವುದರಲ್ಲಿದ್ದ. ಅವಳನ್ನು ಕಂಡದ್ದೇ, ಮೇಲೆತ್ತಿ ಕಟ್ಟಿದ್ದ ಪಂಚೆಯನ್ನು ಗಡಬಡಿಸಿ ಇಳಿಬಿಟ್ಟು, ರಾಣಿಯ ಹಾಗೆ ತಲೆ ತಗ್ಗಿಸಿದ.